ಲಿಬ್‌ಯುಎಸ್‌ಬಿ: ಲೈಬ್ರರಿ ಗಟ್ಟಿ, ಪೇಚಾಟವೆಲ್ಲ ಡ್ರೈವರಿನದು

‘ಲಿಬ್‌ಯುಎಸ್‌ಬಿ0.ಡಿಎಲ್‌ಎಲ್ ಸಿಗುತ್ತಿಲ್ಲ’ ಎಂಬ ಸಂದೇಶ ಬಂದ ಕೂಡಲೇ ಆ ಹೆಸರನ್ನೇ ಹುಡುಕಿ, ಮೊದಲು ಸಿಕ್ಕ ತಾಣದಿಂದ ಒಂದು ಫೈಲ್ ಇಳಿಸಿಕೊಂಡು ಸಿಸ್ಟಮ್32 ಫೋಲ್ಡರಿಗೆ ಹಾಕುವವರೇ ಹೆಚ್ಚು. ಸಂದೇಶವೇನೋ ಮಾಯವಾಗುತ್ತದೆ, ಸಾಧನ ಮಾತ್ರ ಮೊದಲಿನಂತೆಯೇ ಸುಮ್ಮನಿರುತ್ತದೆ. ಲಿಬ್‌ಯುಎಸ್‌ಬಿ ಎಂಬುದು ಪ್ರೋಗ್ರಾಮುಗಳು ಯುಎಸ್‌ಬಿ ಸಾಧನಗಳ ಜತೆ ಮಾತಾಡಲು ನೆರವಾಗುವ ಲೈಬ್ರರಿ. ವಿಂಡೋಸ್‌ನಲ್ಲಿ ಅದರ ಫೈಲಾದ ಡಿಎಲ್‌ಎಲ್ ಪ್ರೋಗ್ರಾಮಿನ ಕಡೆಗಿರುವ ಅರ್ಧ ಮಾತ್ರ. ಕರ್ನಲ್ (ಆಪರೇಟಿಂಗ್ ಸಿಸ್ಟಮಿನ ತಿರುಳು) ಕಡೆಗಿರುವ ಇನ್ನರ್ಧ, ಅಂದರೆ ಆ ಸಾಧನಕ್ಕೆ ಅಂಟಿಕೊಂಡ ಸರಿಯಾದ ಡ್ರೈವರ್, ಇಲ್ಲದಿದ್ದರೆ ಡಿಎಲ್‌ಎಲ್ ಎಷ್ಟು ಹೊಸದಾಗಿದ್ದರೂ ಉಪಯೋಗವಿಲ್ಲ. ಲಿಬ್‌ಯುಎಸ್‌ಬಿ ಬಗ್ಗೆ ಕೇಳಿಬರುವ ದೂರುಗಳಲ್ಲಿ ಬಹುಪಾಲು ಈ ಇನ್ನರ್ಧದ್ದೇ. ಲೈಬ್ರರಿಯನ್ನು ತೂಗಿ ನೋಡುವಾಗ ಎರಡನ್ನೂ ಬೇರ್ಪಡಿಸಿಕೊಳ್ಳಬೇಕು.

ತೀರ್ಪನ್ನು ಮೊದಲೇ ಹೇಳಿಬಿಡಬಹುದು. ಚಿಪ್ ಪ್ರೋಗ್ರಾಮರ್, ಲಾಜಿಕ್ ಅನಲೈಸರ್, ಅಳತೆಯ ಉಪಕರಣ, ರೇಡಿಯೊ ಡಾಂಗಲ್, ಹಳೆಯ ಸ್ಕ್ಯಾನರ್ ಇಂಥ ತಮ್ಮದೇ ಭಾಷೆ ಆಡುವ ಸಾಧನಗಳ ಜತೆ ವ್ಯವಹರಿಸಬೇಕಾದ ಪ್ರೋಗ್ರಾಮಿಗೆ 1.0 ಸರಣಿಯ ಲಿಬ್‌ಯುಎಸ್‌ಬಿ ಇವತ್ತಿಗೂ ಮೊದಲ ಆಯ್ಕೆ. ಲಿನಕ್ಸ್‌ನಲ್ಲಿ ಅದು ಹೆಚ್ಚು ಗೊಡವೆಯಿಲ್ಲದೆ ಕೆಲಸ ಮಾಡುತ್ತದೆ. ವಿಂಡೋಸ್‌ನಲ್ಲಿ ಲೈಬ್ರರಿ ಚೆನ್ನಾಗಿಯೇ ಇದೆ, ಡ್ರೈವರಿನ ಹೊಣೆ ಮಾತ್ರ ನಿಮ್ಮ ತಲೆಗೇ ಬರುತ್ತದೆ. 0.1 ಸರಣಿಯನ್ನು ಹಳೆಯ ಪ್ರೋಗ್ರಾಮು ಬದುಕಿಸಿಕೊಳ್ಳಲಷ್ಟೇ ಮುಟ್ಟಿ.

ಲಿಬ್‌ಯುಎಸ್‌ಬಿ ಸಿ ಭಾಷೆಯಲ್ಲಿ ಬರೆದ ಮುಕ್ತ ಲೈಬ್ರರಿ. ಕರ್ನಲ್ ಡ್ರೈವರ್ ಬರೆಯದೆ, ಸಾಮಾನ್ಯ ಪ್ರೋಗ್ರಾಮಿನ ಒಳಗಿನಿಂದಲೇ ಸಾಧನದ ಎಂಡ್‌ಪಾಯಿಂಟ್‌ಗಳಿಗೆ (ದತ್ತಾಂಶ ಹೋಗಿಬರುವ ಬಾಗಿಲುಗಳಿಗೆ) ಬೈಟುಗಳನ್ನು ಕಳಿಸಿ, ತರಿಸಿಕೊಳ್ಳಲು ದಾರಿ ಮಾಡಿಕೊಡುತ್ತದೆ. ಲಿನಕ್ಸ್, ವಿಂಡೋಸ್, ಮ್ಯಾಕ್‌ಓಎಸ್, ಬಿಎಸ್‌ಡಿ ಬಳಗ, ಆಂಡ್ರಾಯ್ಡ್ ಎಲ್ಲದರಲ್ಲೂ ಒಂದೇ ಬಗೆಯ ಫಂಕ್ಷನ್‌ಗಳು, 2024ರ 1.0.27ರಲ್ಲಿ ವೆಬ್‌ಅಸೆಂಬ್ಲಿ ಮೂಲಕ ಬ್ರೌಸರಿನ ಒಳಗೂ ಓಡುವ ಅನುಕೂಲ ಸೇರಿತು. ಓಪನ್‌ಓಸಿಡಿ, ಡಿಎಫ್‌ಯು-ಯುಟಿಲ್, ಎವಿಆರ್‌ಡ್ಯೂಡ್, ಸಿಗ್‌ರಾಕ್, ರೇಡಿಯೊ ಡಾಂಗಲುಗಳ ಆರ್‌ಟಿಎಲ್-ಎಸ್‌ಡಿಆರ್, ಸ್ಕ್ಯಾನರುಗಳ ಸೇನ್, ಕ್ಯಾಮೆರಾಗಳ ಲಿಬ್‌ಜಿಫೋಟೋ2 ಇವೆಲ್ಲ ಇದರ ಮೇಲೆಯೇ ನಿಂತಿವೆ. ಹೆಸರೇ ಕೇಳಿರದವರ ಕಂಪ್ಯೂಟರಿನಲ್ಲೂ ಇದರ ಒಂದು ಪ್ರತಿ ಎಲ್ಲೋ ಮೂಲೆಯಲ್ಲಿ ಇರುವ ಸಂಭವವಿದೆ.

ಯಾವ ಫೈಲ್ ಯಾವುದರದ್ದು

ಗೊಂದಲ ಶುರುವಾಗುವುದೇ ಹೆಸರುಗಳಲ್ಲಿ. ಲಿಬ್‌ಯುಎಸ್‌ಬಿ0.ಡಿಎಲ್‌ಎಲ್ ಮತ್ತು ಅದರ ಜೋಡಿ ಡ್ರೈವರ್ ಫೈಲಾದ ಲಿಬ್‌ಯುಎಸ್‌ಬಿ0.ಸಿಸ್ ಇವೆರಡೂ ಲಿಬ್‌ಯುಎಸ್‌ಬಿ-ವಿನ್32 ಎಂಬ ಬೇರೆಯೇ ಯೋಜನೆಯವು, ಹಳೆಯ 0.1 ಎಪಿಐಯನ್ನು (ಪ್ರೋಗ್ರಾಮುಗಳು ಕರೆಯುವ ಫಂಕ್ಷನ್‌ಗಳ ಗುಂಪನ್ನು) ವಿಂಡೋಸ್‌ಗೆ ತಂದದ್ದು ಆ ಯೋಜನೆ. ಲಿಬ್‌ಯುಎಸ್‌ಬಿ-1.0.ಡಿಎಲ್‌ಎಲ್ ಈಗಿನ ಮೂಲ ಯೋಜನೆಯದು. ಇದಕ್ಕೆ ತನ್ನದೇ ಆದ ಸಿಸ್ ಫೈಲ್ ಇಲ್ಲ. ಸಾಮಾನ್ಯವಾಗಿ ಮೈಕ್ರೋಸಾಫ್ಟ್‌ನ ವಿನ್‌ಯುಎಸ್‌ಬಿ.ಸಿಸ್ ಮೇಲೆ ಸವಾರಿ ಮಾಡುತ್ತದೆ, ಬೇಕಾದರೆ ಲಿಬ್‌ಯುಎಸ್‌ಬಿ0.ಸಿಸ್, ಲಿಬ್‌ಯುಎಸ್‌ಬಿಕೆ.ಸಿಸ್ ಅಥವಾ ಯುಎಸ್‌ಬಿಡಿಕೆ ಜತೆಗೂ ಹೊಂದಿಕೊಳ್ಳುತ್ತದೆ. ಲಿಬ್‌ಯುಎಸ್‌ಬಿಕೆ ಎಂಬುದು ವಿಂಡೋಸ್‌ಗೆ ಮಾತ್ರ ಇರುವ ಮೂರನೆಯ ಯೋಜನೆ. ಲಿನಕ್ಸ್‌ನಲ್ಲಿ ಹಳೆಯದರ ಹೆಸರು ಲಿಬ್‌ಯುಎಸ್‌ಬಿ-0.1.ಎಸ್‌ಓ.4, ಹೊಸದರದ್ದು ಲಿಬ್‌ಯುಎಸ್‌ಬಿ-1.0.ಎಸ್‌ಓ.0. ಹಳೆಯ ಕರೆಗಳನ್ನು ಹೊಸದಕ್ಕೆ ಹೊಂದಿಸಿಕೊಡುವ ಲಿಬ್‌ಯುಎಸ್‌ಬಿ-ಕಂಪ್ಯಾಟ್ ಎಂಬ ತೆಳು ಪದರವೂ ಉಂಟು.

1.0 ಫೈಲಿಗೆ 0.1ರ ಹೆಸರಿಟ್ಟು ಪಕ್ಕದಲ್ಲಿಟ್ಟರೆ ಕೆಲಸ ಆಗುವುದಿಲ್ಲ. ಎರಡರಲ್ಲೂ ಫಂಕ್ಷನ್‌ಗಳ ಹೆಸರೇ ಬೇರೆ: ಹಳೆಯದರಲ್ಲಿ ‘ಯುಎಸ್‌ಬಿ_ಓಪನ್’, ಹೊಸದರಲ್ಲಿ ‘ಲಿಬ್‌ಯುಎಸ್‌ಬಿ_ಓಪನ್’. ಪ್ರೋಗ್ರಾಮು ಹುಡುಕುವ ಹೆಸರು ಫೈಲಿನೊಳಗೆ ಇರುವುದೇ ಇಲ್ಲ. 1.0.0 ಬಂದದ್ದು 2008ರ ಕೊನೆಗೆ. ಆಮೇಲೆ 2012ರಲ್ಲಿ ಲಿಬ್‌ಯುಎಸ್‌ಬಿಎಕ್ಸ್ ಎಂಬ ಕವಲು ಒಡೆಯಿತು. 2014ರ ಆರಂಭದ 1.0.18ರ ಹೊತ್ತಿಗೆ ಎರಡೂ ಮತ್ತೆ ಒಂದಾದವು. ಹಾಗಾಗಿ ಎಲ್ಲಾದರೂ ‘ಎಕ್ಸ್’ ಸೇರಿದ ಹೆಸರು ಕಂಡರೆ ಅದು ಆ ಕಾಲದ ಹಳೆಯ ಪ್ರತಿ, ಬದಲಿಸಿಬಿಡಿ.

ಇನ್ನು 32 ಬಿಟ್, 64 ಬಿಟ್ ಗಲಾಟೆ. ನೋಡಬೇಕಾದದ್ದು ವಿಂಡೋಸ್ ಎಷ್ಟು ಬಿಟ್‌ನದು ಎಂದಲ್ಲ, ಪ್ರೋಗ್ರಾಮು ಎಷ್ಟು ಬಿಟ್‌ನದು ಎಂದು. 64 ಬಿಟ್ ವಿಂಡೋಸ್‌ನಲ್ಲಿ 32 ಬಿಟ್ ಪ್ರೋಗ್ರಾಮು ಓಡುತ್ತಿದ್ದರೆ ಅದಕ್ಕೆ 32 ಬಿಟ್ ಡಿಎಲ್‌ಎಲ್ ಬೇಕು. ಸಿಸ್ಟಮ್32 ಫೋಲ್ಡರಿನಲ್ಲಿರುವುದು 64 ಬಿಟ್ ಫೈಲ್‌ಗಳು, ಸಿಸ್‌ವಾವ್64ರಲ್ಲಿರುವುದು 32 ಬಿಟ್‌ನವು. ಈ ತಲೆಕೆಳಗಾದ ಹೆಸರಿಗೆ ಬಲಿಯಾದವರಿಗೆ ಲೆಕ್ಕವಿಲ್ಲ. ಹೊಂದದ ಫೈಲ್ ಇಟ್ಟರೆ 0ಎಕ್ಸ್‌ಸಿ000007ಬಿ ಎಂಬ ದೋಷ ಬರುತ್ತದೆ. ಪೈಥಾನಿನಲ್ಲಾದರೆ 193 ಸಂಖ್ಯೆಯ ವಿನ್‌ಎರರ್. ಆ ಎರಡೂ ಫೋಲ್ಡರುಗಳ ತಂಟೆಗೇ ಹೋಗದೆ, ಡಿಎಲ್‌ಎಲ್ ಅನ್ನು ಪ್ರೋಗ್ರಾಮಿನ ಇಎಕ್ಸ್‌ಇ ಇರುವ ಫೋಲ್ಡರಿನಲ್ಲೇ ಇಡುವುದು ಸರಿಯಾದ ಕ್ರಮ. ಒಂದು ಪ್ರೋಗ್ರಾಮಿನ ಹಳೆಯ ಪ್ರತಿ ಇನ್ನೊಂದನ್ನು ಕೆಡಿಸುವುದೂ ತಪ್ಪುತ್ತದೆ. ಫೈಲನ್ನು ಯೋಜನೆಯ ಅಧಿಕೃತ ಬಿಡುಗಡೆಯ ಕಟ್ಟಿನಿಂದಲೇ ತೆಗೆದುಕೊಳ್ಳಿ. ಅದು 7ಝಡ್ ರೂಪದಲ್ಲಿದ್ದು, ಕಂಪೈಲರಿಗೂ 32 ಮತ್ತು 64 ಬಿಟ್‌ಗೂ ತಕ್ಕಂತೆ ಬೇರೆ ಬೇರೆ ಪ್ರತಿಗಳು ಇರುತ್ತವೆ. ಡಿಎಲ್‌ಎಲ್‌ಗಳನ್ನು ಬಿಡಿಬಿಡಿಯಾಗಿ ಹಂಚುವ ತಾಣಗಳಲ್ಲಿ ಆವೃತ್ತಿ ಯಾವುದು, ಯಾರು ಕಂಪೈಲ್ ಮಾಡಿದರು, ಒಳಗೆ ಇನ್ನೇನು ಸೇರಿಸಿದ್ದಾರೆ ಎಂಬುದಕ್ಕೆ ಯಾವ ಖಾತರಿಯೂ ಇಲ್ಲ.

ವಿಂಡೋಸ್: ಅರ್ಧ ಅಂಕ ಕಳೆಯುವ ಜಾಗ

ವಿಂಡೋಸ್‌ನಲ್ಲಿ ಸಾಧನವನ್ನು ಪಟ್ಟಿ ಮಾಡುವಾಗ ಕಾಣುತ್ತದೆ, ತೆರೆಯಲು ಹೋದರೆ -12 ಎಂಬ ದೋಷಸಂಖ್ಯೆ ಬರುತ್ತದೆ. ‘ಬೆಂಬಲವಿಲ್ಲ’ ಎಂಬ ಈ ಉತ್ತರದ ತಾತ್ಪರ್ಯ ಇಷ್ಟೆ: ಸಾಧನಕ್ಕೆ ಈಗ ಅಂಟಿಕೊಂಡಿರುವ ಡ್ರೈವರ್ ಲಿಬ್‌ಯುಎಸ್‌ಬಿಗೆ ಗೊತ್ತಿರುವಂಥದ್ದಲ್ಲ, ಅಥವಾ ಯಾವ ಡ್ರೈವರೂ ಅಂಟಿಕೊಂಡಿಲ್ಲ. ಡಿಎಲ್‌ಎಲ್ ಬದಲಿಸುತ್ತ ಕೂರುವುದು ಇಲ್ಲಿ ಶುದ್ಧ ಕಾಲಹರಣ.

ಚಾಲ್ತಿಯಲ್ಲಿರುವ ಪರಿಹಾರ ಝ್ಯಾಡಿಗ್ ಎಂಬ ಪುಟ್ಟ ಪ್ರೋಗ್ರಾಮು. ಅದನ್ನು ತೆರೆದು, ಆಪ್ಷನ್ಸ್ ಮೆನುವಿನಲ್ಲಿ ‘ಲಿಸ್ಟ್ ಆಲ್ ಡಿವೈಸಸ್’ ಗುರುತು ಮಾಡಿ. ಪಟ್ಟಿಯಿಂದ ನಿಮ್ಮ ಸಾಧನ ಆರಿಸಿ. ಹೆಸರನ್ನು ನಂಬಬೇಡಿ, ಕೆಳಗೆ ತೋರಿಸುವ ಯುಎಸ್‌ಬಿ ಐಡಿಯ ಎರಡು ಸಂಖ್ಯೆಗಳನ್ನು ಸಾಧನದ ಕೈಪಿಡಿಯ ಜತೆ ತಾಳೆ ನೋಡಿ. ಎಡಗಡೆಯ ಪೆಟ್ಟಿಗೆಯಲ್ಲಿ ಈಗಿರುವ ಡ್ರೈವರ್, ಬಲಗಡೆ ಬರಬೇಕಾದದ್ದು. ಬಲಗಡೆ ವಿನ್‌ಯುಎಸ್‌ಬಿ ಇಟ್ಟು ಗುಂಡಿ ಒತ್ತಿದರೆ ಮುಗಿಯಿತು. 0.1ರ ಎಪಿಐಯನ್ನೇ ನೆಚ್ಚಿಕೊಂಡ ಹಳೆಯ ಪ್ರೋಗ್ರಾಮಾದರೆ ಮಾತ್ರ ಲಿಬ್‌ಯುಎಸ್‌ಬಿ-ವಿನ್32 ಆರಿಸಬೇಕಾದೀತು.

ಒಂದೇ ಸಾಧನದೊಳಗೆ ಹಲವು ಇಂಟರ್‌ಫೇಸ್‌ಗಳಿದ್ದರೆ, ಅಂದರೆ ಬೇರೆ ಬೇರೆ ಕೆಲಸದ ಭಾಗಗಳಿದ್ದರೆ, ‘ಇಂಟರ್‌ಫೇಸ್ 0’, ‘ಇಂಟರ್‌ಫೇಸ್ 1’ ಎಂದು ಬೇರೆ ಬೇರೆ ಸಾಲುಗಳು ಬರುತ್ತವೆ. ಆರ್‌ಟಿಎಲ್ ಡಾಂಗಲಿನಲ್ಲಿ ಬೇಕಾದದ್ದು ‘ಬಲ್ಕ್-ಇನ್, ಇಂಟರ್‌ಫೇಸ್’ ಎಂದಿರುವ 0 ಸಂಖ್ಯೆಯದು. ಪಕ್ಕದ್ದನ್ನು ಬದಲಿಸಿದರೆ ರಿಮೋಟಿನ ಭಾಗ ಹೋಗುತ್ತದೆ, ರೇಡಿಯೊ ಬರುವುದಿಲ್ಲ. ಡೀಬಗರ್ ಮತ್ತು ಸೀರಿಯಲ್ ಪೋರ್ಟ್ ಎರಡೂ ಇರುವ ಬೋರ್ಡುಗಳಲ್ಲಿ ಸೀರಿಯಲ್ ಭಾಗಕ್ಕೆ ವಿನ್‌ಯುಎಸ್‌ಬಿ ಹಾಕಿಬಿಟ್ಟರೆ ಕಾಮ್ ಪೋರ್ಟ್ ಕಾಣೆಯಾಗುತ್ತದೆ. ಪ್ರಿಂಟರಿಗೆ ಹಾಕಿದರೆ ಮುದ್ರಣ ನಿಲ್ಲುತ್ತದೆ. ಎಲ್ಲಕ್ಕಿಂತ ಕೆಟ್ಟದ್ದೆಂದರೆ ಕೀಬೋರ್ಡ್ ಅಥವಾ ಮೌಸಿನ ಸಾಲಿನ ಮೇಲೆ ಗುಂಡಿ ಒತ್ತುವುದು. ಝ್ಯಾಡಿಗ್ ಮಾಡುವುದು ಸೇರಿಸುವ ಕೆಲಸವಲ್ಲ, ಬದಲಿಸುವ ಕೆಲಸ. ಒಂದು ಇಂಟರ್‌ಫೇಸಿಗೆ ಒಮ್ಮೆಗೆ ಒಂದೇ ಡ್ರೈವರ್. ವಿನ್‌ಯುಎಸ್‌ಬಿ ಬಂತೆಂದರೆ ತಯಾರಕರ ಡ್ರೈವರ್ ಜಾಗ ಬಿಟ್ಟಿತು ಎಂದೇ ಲೆಕ್ಕ.

ಹಿಂದಕ್ಕೆ ಹೋಗಲು ಡಿವೈಸ್ ಮ್ಯಾನೇಜರಿನಲ್ಲಿ ಆ ಸಾಧನದ ಮೇಲೆ ಬಲ ಕ್ಲಿಕ್ ಮಾಡಿ, ಅನ್‌ಇನ್‌ಸ್ಟಾಲ್ ಆರಿಸಿ, ಡ್ರೈವರ್ ಸಾಫ್ಟ್‌ವೇರನ್ನೂ ಅಳಿಸುವ ಚೌಕಕ್ಕೆ ಗುರುತು ಹಾಕಿ. ಆ ಗುರುತು ಮರೆತರೆ ಕೇಬಲ್ ಕಿತ್ತು ಹಾಕಿದ ಕೂಡಲೇ ಅದೇ ವಿನ್‌ಯುಎಸ್‌ಬಿ ವಾಪಸು ಬಂದು ಕೂರುತ್ತದೆ. ಝ್ಯಾಡಿಗ್ ತಾನೇ ಒಂದು ಪ್ರಮಾಣಪತ್ರ ಹುಟ್ಟಿಸಿ, ಅದರಿಂದ ಡ್ರೈವರ್ ಕಟ್ಟಿಗೆ ಸಹಿ ಹಾಕಿ, ಖಾಸಗಿ ಕೀಲಿಯನ್ನು ಅಳಿಸುತ್ತದೆ. ಕಟ್ಟುನಿಟ್ಟಾದ ಆಡಳಿತವಿರುವ ಕಚೇರಿ ಕಂಪ್ಯೂಟರುಗಳಲ್ಲಿ ಹೊಸ ಪ್ರಮಾಣಪತ್ರಕ್ಕೆ ಅವಕಾಶ ಇಲ್ಲದಿದ್ದರೆ ಅಲ್ಲಿಗೆ ಈ ದಾರಿ ಮುಚ್ಚಿತು.

ಲಿಬ್‌ಯುಎಸ್‌ಬಿ-ವಿನ್32 ಜತೆ ಬರುವ ಫಿಲ್ಟರ್ ಡ್ರೈವರ್ ಬಗ್ಗೆ ಒಂದು ಎಚ್ಚರಿಕೆ. ಇರುವ ಡ್ರೈವರನ್ನು ಕಿತ್ತುಹಾಕದೆ ಅದರ ಮೇಲೊಂದು ಪದರವಾಗಿ ಕೂರುವುದು ಇದರ ಆಕರ್ಷಣೆ. ತೀರಾ ಹಳೆಯ ಆವೃತ್ತಿಗಳಲ್ಲಿ ಈ ಪದರ ಇಡೀ ಯುಎಸ್‌ಬಿ ವರ್ಗದ ಮೇಲೆಯೇ ಕೂರುತ್ತಿತ್ತು. ಸಹಿಯಿಲ್ಲದ ಅಂಥ ಡ್ರೈವರನ್ನು 64 ಬಿಟ್ ವಿಂಡೋಸ್ ಒಪ್ಪದೆ ಹೋದಾಗ ಎಲ್ಲ ಯುಎಸ್‌ಬಿ ಸಾಧನಗಳೂ, ಕೀಬೋರ್ಡ್ ಮೌಸ್ ಸಹಿತ, ಒಟ್ಟಿಗೆ ಸ್ತಬ್ಧ. ಹಳೆಯ ಸಿಡಿಯಿಂದಲೋ ಯಾರೋ ಕೊಟ್ಟ ಝಿಪ್‌ನಿಂದಲೋ 0.1.12ರ ಕಾಲದ ಇನ್‌ಸ್ಟಾಲರ್ ಸಿಕ್ಕರೆ ಓಡಿಸಲೇಬೇಡಿ.

ಸಾಧನದ ಫರ್ಮ್‌ವೇರ್ (ಸಾಧನದೊಳಗೇ ಓಡುವ ಪ್ರೋಗ್ರಾಮು) ನಿಮ್ಮ ಕೈಯಲ್ಲೇ ಇದ್ದರೆ ಈ ಪೇಚಾಟ ಪೂರ್ತಿ ತಪ್ಪುತ್ತದೆ, ಮತ್ತು ಇದು ಹೆಚ್ಚು ಜನ ಬಳಸಿಕೊಳ್ಳದ ಸೌಲಭ್ಯ. ವಿಂಡೋಸ್ 8ರಿಂದ ಈಚೆಗೆ, ಮೈಕ್ರೋಸಾಫ್ಟ್ ಓಎಸ್ ಡಿಸ್ಕ್ರಿಪ್ಟರ್ ಎಂಬ ಕೆಲವು ಬೈಟುಗಳನ್ನು ಸಾಧನವೇ ಕೊಟ್ಟರೆ ವಿನ್‌ಯುಎಸ್‌ಬಿ ತಾನಾಗಿಯೇ ಅಂಟಿಕೊಳ್ಳುತ್ತದೆ. ಝ್ಯಾಡಿಗ್ ಬೇಡ, ಡ್ರೈವರ್ ಹಾಕಲು ಬಳಸುವ ಐಎನ್‌ಎಫ್ ಫೈಲೂ ಬೇಡ. ಹಳೆಯ ಬಗೆಯಲ್ಲಿ ಹೆಕ್ಸ್ ಇಇ ಸಂಖ್ಯೆಯ ಸ್ಟ್ರಿಂಗ್ ಡಿಸ್ಕ್ರಿಪ್ಟರಿನಲ್ಲಿ ‘ಎಂಎಸ್‌ಎಫ್‌ಟಿ100’ ಎಂಬ ಗುರುತು ಇರಬೇಕು. ವಿಂಡೋಸ್ 8.1ರಿಂದ ಇರುವ 2.0 ಬಗೆಯಲ್ಲಿ ವಿವರಗಳು ಬಾಸ್ ಎಂಬ ಇನ್ನೊಂದು ಡಿಸ್ಕ್ರಿಪ್ಟರಿನ ಮೂಲಕ ಬರುತ್ತವೆ, ಅದಕ್ಕಾಗಿ ಸಾಧನ ತನ್ನ ಯುಎಸ್‌ಬಿ ಆವೃತ್ತಿಯನ್ನು 2.00 ಎಂದಲ್ಲ, 2.01 ಅಥವಾ ಹೆಚ್ಚು ಎಂದು ಹೇಳಿಕೊಳ್ಳಬೇಕು. 2.00 ಎಂದೇ ಬಿಟ್ಟರೆ ವಿಂಡೋಸ್ ಬಾಸ್ ಡಿಸ್ಕ್ರಿಪ್ಟರನ್ನು ಕೇಳುವುದೇ ಇಲ್ಲ. ಎರಡು ಬಗೆಯಲ್ಲೂ ‘ಡಿವೈಸ್‌ಇಂಟರ್‌ಫೇಸ್‌ಜಿಯುಐಡಿ’ ಗುಣವನ್ನು ಸೇರಿಸಿ. ಅದಿಲ್ಲದಿದ್ದರೆ ಡ್ರೈವರ್ ಅಂಟಿಕೊಂಡರೂ ಸಾಧನವನ್ನು ತೆರೆಯುವ ವಿಳಾಸ ಲಿಬ್‌ಯುಎಸ್‌ಬಿಗೆ ಸಿಗದು.

ಫರ್ಮ್‌ವೇರ್ ತಿದ್ದುತ್ತಿರುವವರನ್ನು ಇಲ್ಲಿ ಕಾಡುವ ಇನ್ನೊಂದು ಸಂಗತಿ ಇದೆ. ಹಳೆಯ ಬಗೆಯಲ್ಲಿ ವಿಂಡೋಸ್ ಈ ಪ್ರಶ್ನೆಯನ್ನು ಒಂದು ಸಾಧನಕ್ಕೆ ಒಮ್ಮೆ ಮಾತ್ರ ಕೇಳಿ, ಉತ್ತರವನ್ನು ರಿಜಿಸ್ಟ್ರಿಯ ಯುಎಸ್‌ಬಿಫ್ಲ್ಯಾಗ್ಸ್ ಕೀಲಿಯ ಕೆಳಗೆ ಬರೆದಿಟ್ಟುಕೊಳ್ಳುತ್ತದೆ. ಮೊದಲ ಸಲ ಡಿಸ್ಕ್ರಿಪ್ಟರ್ ಇಲ್ಲದೆ ಚುಚ್ಚಿದ್ದರೆ, ಆಮೇಲೆ ಎಷ್ಟು ಸರಿಪಡಿಸಿದರೂ ಮತ್ತೆ ಕೇಳುವುದಿಲ್ಲ. ಆ ಕೀಲಿಯಲ್ಲಿ ತಯಾರಕರ ಐಡಿ, ಉತ್ಪನ್ನದ ಐಡಿ, ಸಾಧನದ ಆವೃತ್ತಿ ಸಂಖ್ಯೆ ಮೂರೂ ಸೇರಿರುವುದರಿಂದ ಆವೃತ್ತಿ ಸಂಖ್ಯೆ ಒಂದು ಹೆಚ್ಚಿಸಿದರೆ ಸಾಕು, ಅಥವಾ ಕೀಲಿಯನ್ನೇ ಅಳಿಸಿ.

ವಿಂಡೋಸ್‌ನ ಮಿತಿಗಳು ಇನ್ನೂ ಕೆಲವಿವೆ. ಸಾಧನದ ಕಾನ್ಫಿಗರೇಷನ್ ಬದಲಿಸಲು ವಿನ್‌ಯುಎಸ್‌ಬಿ ಬಿಡುವುದಿಲ್ಲ. ‘ರೀಸೆಟ್ ಡಿವೈಸ್’ ಕರೆಯಿಂದ ಲಿನಕ್ಸ್‌ನಲ್ಲಾಗುವಂತೆ ಪೋರ್ಟ್ ರೀಸೆಟ್ ಆಗುತ್ತದೆಂದು ಎಣಿಸಬೇಡಿ. ಕೀಬೋರ್ಡ್, ಮೌಸ್‌ಗಳನ್ನು ವಿಂಡೋಸ್ ತನ್ನದೇ ಹಿಡಿತದಲ್ಲಿ ಇಟ್ಟುಕೊಳ್ಳುತ್ತದೆ.

ಲಿನಕ್ಸ್: ಎರಡೇ ಸಂಖ್ಯೆ, -3 ಮತ್ತು -6

ಲಿನಕ್ಸ್‌ನಲ್ಲಿ ಹೊಸ ಡ್ರೈವರ್ ಹಾಕುವ ಕೆಲಸವೇ ಇಲ್ಲ. ಡೆಬಿಯನ್ ಬಳಗದಲ್ಲಿ ಓಡಿಸಲು ಲಿಬ್‌ಯುಎಸ್‌ಬಿ-1.0-0, ಕಂಪೈಲ್ ಮಾಡಲು ಅದರ ‘-ಡೆವ್’ ಕಟ್ಟು. ಪಿಕೆಜಿ-ಕಾನ್ಫಿಗ್‌ಗೆ ಲಿಬ್‌ಯುಎಸ್‌ಬಿ-1.0 ಎಂಬ ಹೆಸರು ಕೊಟ್ಟರೆ ಬೇಕಾದ ಫ್ಲ್ಯಾಗ್‌ಗಳು ಸಿಗುತ್ತವೆ.

-3 ಬಂದರೆ ಅನುಮತಿಯ ತಕರಾರು. ಯುಎಸ್‌ಬಿ ಸಾಧನಗಳ ಪಟ್ಟಿ ಕೊಡುವ ಎಲ್‌ಎಸ್‌ಯುಎಸ್‌ಬಿ ಆಜ್ಞೆಯಲ್ಲಿ ಸಾಧನ ಕಾಣುತ್ತದೆ, ಏಕೆಂದರೆ ಓದುವ ಅನುಮತಿ ಎಲ್ಲರಿಗೂ ಇದೆ. ತೆರೆದು ಬರೆಯುವ ಅನುಮತಿ ರೂಟ್‌ಗೆ ಮಾತ್ರ. ಸುಡೋ ಹಾಕಿದ ಕೂಡಲೇ ಓಡುತ್ತದೆ, ಅಲ್ಲಿಗೇ ಬಿಟ್ಟುಬಿಡುವವರು ಬಹಳ. ಸರಿಯಾದ ದಾರಿ ಇಟಿಸಿಯ ಕೆಳಗಿನ ಯುಡೆವ್ (ಸಾಧನಗಳಿಗೆ ಅನುಮತಿ ಗೊತ್ತುಮಾಡುವ ವ್ಯವಸ್ಥೆ) ರೂಲ್ಸ್ ಫೋಲ್ಡರಿನಲ್ಲಿ ಒಂದು ಸಾಲಿನ ಫೈಲ್: ಸಬ್‌ಸಿಸ್ಟಮ್ ಯುಎಸ್‌ಬಿ, ತಯಾರಕರ ಐಡಿ, ಉತ್ಪನ್ನದ ಐಡಿ, ಕೊನೆಯಲ್ಲಿ ‘ಯುಆಕ್ಸೆಸ್’ ಟ್ಯಾಗ್. ಈ ಟ್ಯಾಗ್ ಇದ್ದರೆ ಕಂಪ್ಯೂಟರಿನ ಮುಂದೆ ಕೂತು ಲಾಗಿನ್ ಆದವರಿಗೆ ಮಾತ್ರ ಅನುಮತಿ ಸಿಗುತ್ತದೆ.

ಎಡವುವ ಜಾಗ ಎರಡು. ಐಡಿಯ ಹೆಕ್ಸ್ ಅಕ್ಷರಗಳು ಸಣ್ಣ ಅಕ್ಷರಗಳಲ್ಲೇ ಇರಬೇಕು, ದೊಡ್ಡಕ್ಷರ ಬರೆದರೆ ರೂಲ್ ಸದ್ದಿಲ್ಲದೆ ತಾಳೆಯಾಗದೆ ಹೋಗುತ್ತದೆ. ಎರಡನೆಯದು ಫೈಲಿನ ಹೆಸರಿನ ಮೊದಲ ಸಂಖ್ಯೆ. ಯುಆಕ್ಸೆಸ್ ಟ್ಯಾಗನ್ನು ಜಾರಿಗೆ ತರುವ ರೂಲ್ 73ರಿಂದ ಶುರುವಾಗುವ ಫೈಲಿನಲ್ಲಿದೆ. ನಿಮ್ಮ ಫೈಲ್ ಅದಕ್ಕಿಂತ ಮೊದಲು ಬರಬೇಕು. ಅಭ್ಯಾಸಬಲದಿಂದ 99 ಎಂದು ಹೆಸರಿಟ್ಟರೆ ಟ್ಯಾಗ್ ಹತ್ತುವಷ್ಟರಲ್ಲಿ ಕಾಲ ಮಿಂಚಿರುತ್ತದೆ. 60 ಅಥವಾ 70 ಇಡಿ. ಆಮೇಲೆ ಯುಡೆವ್‌ಎಡಿಎಂ ಮೂಲಕ ರೂಲ್‌ಗಳನ್ನು ಮರುಓದಿಸಿ, ಕೇಬಲ್ ಕಿತ್ತು ಮತ್ತೆ ಹಾಕಿ. ಎಸ್‌ಎಸ್‌ಎಚ್ ಮೂಲಕ ದೂರದಿಂದ ಬರುವವರಿಗೆ ಯುಆಕ್ಸೆಸ್ ಸಾಲದು, ಅವರಿಗೆ ಗುಂಪಿನ ಹೆಸರು ಮತ್ತು 0660 ಮೋಡ್ ಕೊಡಬೇಕು. ಎಲ್ಲರಿಗೂ ತೆರೆದಿಡುವ 0666 ಬರೆದುಕೊಟ್ಟಿರುವ ಕೈಪಿಡಿಗಳು ಬೇಕಾದಷ್ಟಿವೆ. ಹಲವರು ಹಂಚಿಕೊಳ್ಳುವ ಯಂತ್ರದಲ್ಲಿ ಅದು ಬೇಡ.

-6 ಬಂದರೆ ಇಂಟರ್‌ಫೇಸ್ ಬೇರೆಯವರ ವಶದಲ್ಲಿದೆ. ಹೆಚ್ಚಿನ ಸಲ ಅದು ಕರ್ನಲ್‌ನ ಡ್ರೈವರೇ. ಎಲ್‌ಎಸ್‌ಯುಎಸ್‌ಬಿಗೆ ‘-ಟಿ’ ಕೊಟ್ಟರೆ ಯಾವ ಇಂಟರ್‌ಫೇಸ್ ಯಾವ ಡ್ರೈವರಿನ ಕೈಯಲ್ಲಿದೆ ಎಂದು ಮರದ ರೂಪದಲ್ಲಿ ತೋರಿಸುತ್ತದೆ. ಪ್ರೋಗ್ರಾಮು ನಿಮ್ಮದೇ ಆದರೆ ಸಾಧನ ತೆರೆದ ಮೇಲೆ, ಇಂಟರ್‌ಫೇಸನ್ನು ಕ್ಲೇಮ್ ಮಾಡುವ (ವಶಕ್ಕೆ ತೆಗೆದುಕೊಳ್ಳುವ) ಮೊದಲು, ‘ಸೆಟ್ ಆಟೋ ಡಿಟ್ಯಾಚ್ ಕರ್ನಲ್ ಡ್ರೈವರ್’ ಕರೆಗೆ 1 ಕೊಡಿ. ಕ್ಲೇಮ್ ಆಗುವಾಗ ಡ್ರೈವರ್ ಬಿಡಿಸಿ, ರಿಲೀಸ್ ಮಾಡಿದಾಗ ವಾಪಸು ಅಂಟಿಸುವುದನ್ನು ಲೈಬ್ರರಿಯೇ ನೋಡಿಕೊಳ್ಳುತ್ತದೆ. ಪ್ರೋಗ್ರಾಮು ಬೇರೆಯವರದಾದರೆ ಆ ಕರ್ನಲ್ ಮಾಡ್ಯೂಲನ್ನು ಬ್ಲ್ಯಾಕ್‌ಲಿಸ್ಟ್ ಮಾಡುವುದು ದಾರಿ; ಆರ್‌ಟಿಎಲ್ ಡಾಂಗಲಿಗೆ ಡಿವಿಬಿ_ಯುಎಸ್‌ಬಿ_ಆರ್‌ಟಿಎಲ್28ಎಕ್ಸ್‌ಎಕ್ಸ್‌ಯು ಮಾಡ್ಯೂಲನ್ನು ತಡೆಯುವುದು ಇದೇ ಕಾರಣಕ್ಕೆ. ಯಾವ ಡ್ರೈವರೂ ಇಲ್ಲದೆ -6 ಬಂದರೆ ನಿಮ್ಮದೇ ಪ್ರೋಗ್ರಾಮಿನ ಇನ್ನೊಂದು ಪ್ರತಿ ಹಿನ್ನೆಲೆಯಲ್ಲಿ ಓಡುತ್ತಿರಬಹುದು, ನೋಡಿ.

ಮ್ಯಾಕ್‌ಓಎಸ್ ಬಗ್ಗೆ ಹೇಳಲು ಹೆಚ್ಚಿಲ್ಲ. ಯಾವ ಡ್ರೈವರೂ ಹಕ್ಕು ಸಾಧಿಸದ ಸಾಧನಕ್ಕೆ ಅಲ್ಲಿ ಏನೂ ಮಾಡಬೇಕಿಲ್ಲ. ಹಕ್ಕು ಸಾಧಿಸಿದ್ದರೆ 1.0.25ರಿಂದ ಬಿಡಿಸುವ ಅವಕಾಶ ಇದೆ, ಆದರೆ ರೂಟ್ ಆಗಿ ಓಡಿಸಬೇಕು ಅಥವಾ ಆಪಲ್ ಕೊಡುವ ವಿಶೇಷ ಅರ್ಹತೆ ಬೇಕು. ಆಂಡ್ರಾಯ್ಡ್‌ನಲ್ಲಿ ಲೈಬ್ರರಿ ತಾನೇ ಸಾಧನ ಹುಡುಕಲು ಹೋದರೆ ಸೋಲುತ್ತದೆ. ಜಾವಾ ಕಡೆಯಿಂದ ಬಳಕೆದಾರರ ಅನುಮತಿ ಪಡೆದು, ಕನೆಕ್ಷನ್‌ನ ಫೈಲ್ ಡಿಸ್ಕ್ರಿಪ್ಟರ್ ತೆಗೆದು, ‘ರ‍್ಯಾಪ್ ಸಿಸ್ ಡಿವೈಸ್’ ಕರೆಗೆ ಕೊಡಬೇಕು. ಅದಕ್ಕೂ ಮೊದಲು, ಲೈಬ್ರರಿ ಶುರು ಮಾಡುವ ಮುಂಚೆಯೇ, ‘ನೋ ಡಿವೈಸ್ ಡಿಸ್ಕವರಿ’ ಆಯ್ಕೆ ಹಾಕಿರಬೇಕು.

ಎಪಿಐ ಹೇಗಿದೆ

ಶುರು, ತೆರೆ, ಕ್ಲೇಮ್, ವರ್ಗಾವಣೆ, ರಿಲೀಸ್, ಮುಚ್ಚು, ಮುಗಿಸು: ಕ್ರಮ ಇಷ್ಟೇ, ಒಂದು ಮಧ್ಯಾಹ್ನದಲ್ಲಿ ಕೈಗೆ ಹತ್ತುತ್ತದೆ. ಎರಡು ಐಡಿ ಕೊಟ್ಟು ನೇರ ತೆರೆಯುವ ಸುಲಭದ ಫಂಕ್ಷನ್ ಒಂದಿದೆ. ಪರೀಕ್ಷೆಗೆ ಸರಿ, ನಿಜವಾದ ಪ್ರೋಗ್ರಾಮಿಗೆ ಬೇಡ. ಒಂದೇ ಬಗೆಯ ಎರಡು ಸಾಧನ ಇದ್ದರೆ ಮೊದಲು ಸಿಕ್ಕದ್ದನ್ನು ತೆರೆಯುತ್ತದೆ, ಸೋತರೆ ಬರೀ ಶೂನ್ಯ ಕೊಟ್ಟು ಸುಮ್ಮನಾಗುತ್ತದೆ. ಸಾಧನ ಇಲ್ಲವೋ ಅನುಮತಿ ಇಲ್ಲವೋ ಗೊತ್ತಾಗುವುದಿಲ್ಲ. ಪಟ್ಟಿ ತರಿಸಿ, ಸೀರಿಯಲ್ ಸಂಖ್ಯೆ ನೋಡಿ, ಬೇಕಾದದ್ದನ್ನು ತೆರೆದು, ಪಟ್ಟಿಯನ್ನು ಬಿಡುಗಡೆ ಮಾಡುವುದು ಹತ್ತು ಸಾಲು ಹೆಚ್ಚಾದರೂ ಅದೇ ಲೇಸು.

ಓದುವಾಗ ಬರುವ -8 ಬಹಳ ಜನರನ್ನು ದಾರಿ ತಪ್ಪಿಸುತ್ತದೆ. ಸಾಧನ 10 ಬೈಟು ಕಳಿಸುತ್ತದೆಂದು 10 ಬೈಟಿನದೇ ಬಫರ್ ಇಟ್ಟಿರುತ್ತೀರಿ. ಅದು 64 ಬೈಟಿನ ಪ್ಯಾಕೆಟ್ ಕಳಿಸಿದ ದಿನ ಓವರ್‌ಫ್ಲೋ ಆಗುತ್ತದೆ, ಆ ದತ್ತಾಂಶವನ್ನು ನಂಬುವ ಹಾಗಿಲ್ಲ. ಓದುವ ಬಫರ್ ಯಾವಾಗಲೂ ಎಂಡ್‌ಪಾಯಿಂಟಿನ ಗರಿಷ್ಠ ಪ್ಯಾಕೆಟ್ ಗಾತ್ರದ ಪೂರ್ಣ ಗುಣಕವಾಗಿರಲಿ. ಬಲ್ಕ್ ಎಂಬ ಬಗೆಯ ವರ್ಗಾವಣೆಯಲ್ಲಿ ಅದು ಫುಲ್ ಸ್ಪೀಡ್‌ಗೆ 64ರವರೆಗೆ, ಹೈ ಸ್ಪೀಡ್‌ಗೆ 512, ಸೂಪರ್ ಸ್ಪೀಡ್‌ಗೆ 1024. ಬರೆಯುವಾಗ ಇದರ ಇನ್ನೊಂದು ಮುಖ: ಕಳಿಸಿದ ಉದ್ದ ಸರಿಯಾಗಿ 512ರ ಗುಣಕವಾಗಿದ್ದರೆ ಮಾತು ಮುಗಿಯಿತೋ ಇಲ್ಲವೋ ಕೆಲವು ಸಾಧನಗಳಿಗೆ ತಿಳಿಯುವುದಿಲ್ಲ, ಕಾಯುತ್ತ ಕೂರುತ್ತವೆ. ಅಂಥಲ್ಲಿ ಕೊನೆಗೊಂದು ಶೂನ್ಯ ಉದ್ದದ ಪ್ಯಾಕೆಟ್ ಕಳಿಸಬೇಕು. 511 ಬೈಟು ಹೋಗುತ್ತದೆ, 513 ಹೋಗುತ್ತದೆ, 512 ಮಾತ್ರ ಸಿಕ್ಕಿಕೊಳ್ಳುತ್ತದೆ ಎಂಬ ದೂರು ಬಂದರೆ ಬೇರೆಲ್ಲೂ ಹುಡುಕಬೇಡಿ.

-7 ಎಂದರೆ ಸಮಯ ಮೀರಿತು. ಏನೂ ಬಂದಿಲ್ಲ ಎಂದು ಅರ್ಥವಲ್ಲ. ಒಂದಷ್ಟು ಬೈಟು ಬಂದು ನಿಂತಿರಬಹುದು, ಅವು ಎಷ್ಟೆಂದು ಜತೆಗಿನ ಎಣಿಕೆಯ ವೇರಿಯಬಲ್ ಹೇಳುತ್ತದೆ. ಅದನ್ನು ನೋಡದೆ ಎಸೆದರೆ ಮುಂದಿನ ಸಂದೇಶಗಳೆಲ್ಲ ಒಂದು ಹೆಜ್ಜೆ ತಪ್ಪಿ ಬರುತ್ತವೆ. ಟೈಮ್‌ಔಟ್ ಜಾಗದಲ್ಲಿ 0 ಎಂದರೆ ಕೊನೆಯಿಲ್ಲದೆ ಕಾಯುವುದು. -9 ಕಂಟ್ರೋಲ್ ವರ್ಗಾವಣೆಯಲ್ಲಿ ಬಂದರೆ ಆ ವಿನಂತಿ ಸಾಧನಕ್ಕೆ ಒಪ್ಪಿಗೆಯಿಲ್ಲ ಎಂದು. ಬಲ್ಕ್‌ನಲ್ಲಿ ಬಂದರೆ ಎಂಡ್‌ಪಾಯಿಂಟ್ ನಿಂತುಹೋಗಿದೆ, ‘ಕ್ಲಿಯರ್ ಹಾಲ್ಟ್’ ಕರೆದು ಮುಂದುವರಿಯಿರಿ. -4 ಎಂದರೆ ಸಾಧನವೇ ಇಲ್ಲ. ಫರ್ಮ್‌ವೇರ್ ಏರಿಸುವ ಕ್ರಮಕ್ಕೆ ಜಿಗಿಯುವ ಸಾಧನಗಳು ಬಸ್‌ನಿಂದ ಇಳಿದು ಹೊಸ ವಿಳಾಸದೊಂದಿಗೆ ಮತ್ತೆ ಬರುತ್ತವೆ. ಹಳೆಯ ಹ್ಯಾಂಡಲ್ ಮುಚ್ಚಿ ಹೊಸದಾಗಿ ಹುಡುಕಬೇಕು.

ವೇಗ ಬೇಕಾದವರಿಗೆ ಸರಳ ಸಿಂಕ್ರೊನಸ್ ಕರೆ, ಅಂದರೆ ವರ್ಗಾವಣೆ ಮುಗಿಯುವವರೆಗೆ ಕಾಯುವ ಕರೆ, ಸಾಲದು. ಹೈ ಸ್ಪೀಡ್‌ನಲ್ಲಿ 125 ಮೈಕ್ರೋಸೆಕೆಂಡಿನ ಒಂದು ಮೈಕ್ರೋಫ್ರೇಮಿನೊಳಗೆ 512 ಬೈಟಿನ ಬಲ್ಕ್ ಪ್ಯಾಕೆಟ್‌ಗಳು ಹೆಚ್ಚೆಂದರೆ 13 ಹಿಡಿಯುತ್ತವೆ. ಸೆಕೆಂಡಿಗೆ ಸುಮಾರು 53 ಮೆಗಾಬೈಟಿನ ಸೈದ್ಧಾಂತಿಕ ಮಿತಿ. 512 ಬೈಟಿನ ಬಫರಿನಿಂದ ಒಂದೊಂದೇ ಕರೆ ಮಾಡುತ್ತ, ಕರೆಗೊಂದು ಮೈಕ್ರೋಫ್ರೇಮ್ ಎಂದು ಇಟ್ಟುಕೊಂಡರೂ ಸಿಗುವುದು 4 ಮೆಗಾಬೈಟ್. ಬಫರ್ ದೊಡ್ಡದು ಮಾಡಿದರೆ ಸುಧಾರಿಸುತ್ತದೆ, ಆದರೆ ಒಂದು ಕರೆ ಮುಗಿದು ಇನ್ನೊಂದು ಶುರುವಾಗುವ ನಡುವೆ ಸಾಧನದ ದತ್ತಾಂಶ ಹಿಡಿಯಲು ಯಾರೂ ಇರುವುದಿಲ್ಲ. ಅಸಿಂಕ್ರೊನಸ್ ಎಪಿಐ ಇರುವುದು ಇದಕ್ಕೇ: ಹಲವು ವರ್ಗಾವಣೆಗಳನ್ನು ಮೊದಲೇ ಸಾಲಾಗಿ ಒಪ್ಪಿಸಿಡುವುದು, ನಲ್ಲಿಯ ಕೆಳಗೆ ಒಂದು ಕೊಡ ತುಂಬುವಷ್ಟರಲ್ಲಿ ಮುಂದಿನದನ್ನು ಸಿದ್ಧವಾಗಿಟ್ಟ ಹಾಗೆ. ಆರ್‌ಟಿಎಲ್-ಎಸ್‌ಡಿಆರ್ ಲೈಬ್ರರಿ ತಲಾ 2,62,144 ಬೈಟಿನ 15 ಬಫರುಗಳನ್ನು ಹೀಗೆ ಸಾಲಿಗೆ ಬಿಡುತ್ತದೆ.

ಲಿನಕ್ಸ್‌ನಲ್ಲಿ ಈ ಸಾಲು ಉದ್ದವಾದರೆ -11, ಅಂದರೆ ಮೆಮೊರಿ ಇಲ್ಲ ಎಂಬ ಉತ್ತರ. ಕಂಪ್ಯೂಟರಿನಲ್ಲಿ ಬೇಕಾದಷ್ಟು ರ‍್ಯಾಮ್ ಇದ್ದರೂ ಯುಎಸ್‌ಬಿಎಫ್‌ಎಸ್‌ಗೆ (ಪ್ರೋಗ್ರಾಮುಗಳಿಗೆ ಯುಎಸ್‌ಬಿ ಒದಗಿಸುವ ಭಾಗಕ್ಕೆ) ಕರ್ನಲ್ ಇಟ್ಟಿರುವ ಮಿತಿ 16 ಮೆಗಾಬೈಟ್, ಅದೂ ಎಲ್ಲ ಪ್ರೋಗ್ರಾಮುಗಳಿಗೆ ಸೇರಿ. ಮೇಲಿನ 15 ಬಫರುಗಳೇ ಸುಮಾರು 3.9 ಮೆಗಾಬೈಟ್ ಆಗುವುದರಿಂದ ಲೆಕ್ಕದ ಪ್ರಕಾರ ಐದನೆಯ ಡಾಂಗಲ್ ಮಿತಿ ದಾಟುತ್ತದೆ. ಯುಎಸ್‌ಬಿಕೋರ್ ಮಾಡ್ಯೂಲಿನ ಯುಎಸ್‌ಬಿಎಫ್‌ಎಸ್_ಮೆಮೊರಿ_ಎಂಬಿ ಮೌಲ್ಯವನ್ನು 256ಕ್ಕೋ ಇನ್ನೂ ಹೆಚ್ಚಿಗೋ ಏರಿಸಿ. ಬೂಟ್ ಸಾಲಿನಲ್ಲಿ ಸೇರಿಸಿದರೆ ಕಾಯಂ ಆಗುತ್ತದೆ. ಕೈಗಾರಿಕಾ ಕ್ಯಾಮೆರಾಗಳ ಕೈಪಿಡಿಗಳಲ್ಲಿ ಈ ಸಲಹೆ ಬರುವುದೂ ಇದರಿಂದಲೇ.

ಅಸಿಂಕ್ರೊನಸ್ ಭಾಗದ ಶಿಸ್ತು ಕಟ್ಟುನಿಟ್ಟು, ಕಲಿಯುವವರಿಗೆ ಲೈಬ್ರರಿ ಕರುಣೆ ತೋರುವುದೂ ಇಲ್ಲ. ಘಟನೆಗಳನ್ನು ನಿಭಾಯಿಸುವ ಫಂಕ್ಷನನ್ನು ಯಾರಾದರೂ ಕರೆಯುತ್ತಲೇ ಇರಬೇಕು, ಅದಕ್ಕೊಂದು ಪ್ರತ್ಯೇಕ ಥ್ರೆಡ್ ಇಟ್ಟರೆ ನೆಮ್ಮದಿ. ಕಾಲ್‌ಬ್ಯಾಕಿನ (ವರ್ಗಾವಣೆ ಮುಗಿದಾಗ ಲೈಬ್ರರಿ ಕರೆಯುವ ನಿಮ್ಮ ಫಂಕ್ಷನ್ನಿನ) ಒಳಗಿನಿಂದ ಸಿಂಕ್ರೊನಸ್ ಕರೆ ಮಾಡಿದರೆ -6 ಬರುತ್ತದೆ, ಮತ್ತು ಆ -6ಕ್ಕೂ ಕರ್ನಲ್ ಡ್ರೈವರಿಗೂ ಸಂಬಂಧವಿಲ್ಲ. ವರ್ಗಾವಣೆ ರದ್ದು ಮಾಡುವುದೆಂದರೆ ರದ್ದಾಗಲಿ ಎಂದು ಕೇಳಿಕೊಂಡಂತೆ ಮಾತ್ರ. ಕೊನೆಯ ಕಾಲ್‌ಬ್ಯಾಕ್ ಬರುವವರೆಗೆ ಆ ಮೆಮೊರಿಯನ್ನು ಬಿಡುಗಡೆ ಮಾಡಬಾರದು. ಪ್ರೋಗ್ರಾಮು ಮುಚ್ಚುವಾಗ ಮಾತ್ರ ಕುಸಿಯುತ್ತದೆ ಎಂದರೆ ತೊಂಬತ್ತು ಪಾಲು ಇದೇ ಕಾರಣ. ರದ್ದು ಮಾಡಿ, ಎಲ್ಲ ಕಾಲ್‌ಬ್ಯಾಕ್ ಬರಲು ಬಿಡಿ, ರಿಲೀಸ್ ಮಾಡಿ, ಮುಚ್ಚಿ, ಆಮೇಲೆ ಲೈಬ್ರರಿ ಮುಗಿಸಿ.

ಸಾಧನ ಬಂದದ್ದು, ಹೋದದ್ದನ್ನು ತಿಳಿಸುವ ಹಾಟ್‌ಪ್ಲಗ್ ಸೌಲಭ್ಯ 1.0.16ರಿಂದ ಇದೆ, ಆದರೆ ವಿಂಡೋಸ್‌ನಲ್ಲಿ ಬಹುಕಾಲ ಇರಲಿಲ್ಲ. ‘ಹ್ಯಾಸ್ ಕೇಪಬಿಲಿಟಿ’ ಕರೆದು ಕೇಳಿ, ಇಲ್ಲವೆಂದರೆ ಆಗಾಗ ಪಟ್ಟಿ ತರಿಸಿ ಹೋಲಿಸುವ ದಾರಿಯನ್ನೂ ಬರೆದಿಟ್ಟುಕೊಳ್ಳಿ. ಈ ಒಂದು ಕೊರತೆ ಲೈಬ್ರರಿಯದ್ದೇ, ಡ್ರೈವರಿನ ಮೇಲೆ ಹಾಕುವಂತಿಲ್ಲ.

ಪೈಥಾನಿನ ಪೈಯುಎಸ್‌ಬಿ ಬಳಸುವವರಿಗೆ ‘ನೋ ಬ್ಯಾಕೆಂಡ್ ಅವೈಲಬಲ್’ ಎಂಬ ದೋಷ ಚಿರಪರಿಚಿತ. ಪೈಯುಎಸ್‌ಬಿ ಬರೀ ಪೈಥಾನ್ ಹೊದಿಕೆ. ಡಿಎಲ್‌ಎಲ್ ಅದರೊಂದಿಗೆ ಬರುವುದಿಲ್ಲ. ಪಿಪ್‌ನಲ್ಲಿ ಸಿಗುವ ಲಿಬ್‌ಯುಎಸ್‌ಬಿ-ಪ್ಯಾಕೇಜ್ ಹಾಕಿಕೊಂಡರೆ ಹೊಂದುವ ಫೈಲ್ ಅದರಲ್ಲೇ ಇರುತ್ತದೆ. ಆಪಲ್ ಸಿಲಿಕಾನ್ ಯಂತ್ರದಲ್ಲಿ ಹೋಮ್‌ಬ್ರೂ ಇಟ್ಟ ಜಾಗವನ್ನು ಬೇರೆ ಕಡೆಯಿಂದ ಬಂದ ಪೈಥಾನ್ ಹುಡುಕದೆ ಇರುವುದೂ ಇದೇ ದೋಷವಾಗಿ ಕಾಣಿಸಿಕೊಳ್ಳುತ್ತದೆ.

ತಪ್ಪು ಹುಡುಕಲು ಲೈಬ್ರರಿ ಕೊಡುವ ನೆರವು ಮೆಚ್ಚತಕ್ಕದ್ದು. ಲಿಬ್‌ಯುಎಸ್‌ಬಿ_ಡೀಬಗ್ ಎಂಬ ಎನ್ವಿರಾನ್‌ಮೆಂಟ್ ವೇರಿಯಬಲ್‌ಗೆ 4 ಕೊಟ್ಟು ಪ್ರೋಗ್ರಾಮು ಓಡಿಸಿದರೆ ಪ್ರತಿ ಹೆಜ್ಜೆಯೂ ತೆರೆಯ ಮೇಲೆ ಬರುತ್ತದೆ, ಕೋಡ್ ಮುಟ್ಟಬೇಕಿಲ್ಲ. ತಂತಿಯ ಮೇಲೆ ನಿಜಕ್ಕೂ ಏನು ಹೋಯಿತೆಂದು ನೋಡಲು ಲಿನಕ್ಸ್‌ನಲ್ಲಿ ಯುಎಸ್‌ಬಿಮಾನ್, ವಿಂಡೋಸ್‌ನಲ್ಲಿ ಯುಎಸ್‌ಬಿಪಿಕ್ಯಾಪ್, ಎರಡಕ್ಕೂ ವೈರ್‌ಶಾರ್ಕ್. ಫಂಕ್ಷನ್‌ಗಳ ವಿವರಣೆ ನಿಖರವಾಗಿದೆ, ಆದರೆ ಹೊಸಬರನ್ನು ಕೈಹಿಡಿದು ನಡೆಸುವ ಪಾಠ ಇಲ್ಲ. ಮೂಲದ ಜತೆ ಬರುವ ‘ಲಿಸ್ಟ್‌ಡೆವ್ಸ್’, ‘ಎಕ್ಸ್‌ಯುಎಸ್‌ಬಿ’ ಉದಾಹರಣೆಗಳಿಂದ ಶುರು ಮಾಡುವುದು ವಾಸಿ.

ಎಲ್ಲ ಸಾಧನಕ್ಕೂ ಇದು ಬೇಡ. ಸೀರಿಯಲ್ ಪೋರ್ಟ್ ಆಗಿ ಕಾಣಿಸಿಕೊಳ್ಳುವ ಬೋರ್ಡ್, ಪೆನ್ ಡ್ರೈವ್, ವೆಬ್‌ಕ್ಯಾಮ್, ಧ್ವನಿ ಸಾಧನ ಇವಕ್ಕೆ ಕರ್ನಲ್‌ನಲ್ಲೇ ಪಳಗಿದ ಡ್ರೈವರುಗಳಿವೆ; ಅವನ್ನು ಬಿಡಿಸಿ ಲಿಬ್‌ಯುಎಸ್‌ಬಿಗೆ ತರುವುದು ಇರುವ ದಾರಿ ಬಿಟ್ಟು ಬೇಲಿ ಹಾರುವ ಕೆಲಸ. ಕೀಬೋರ್ಡ್, ಮೌಸ್‌ಗಳ ಬಳಗವಾದ ಎಚ್‌ಐಡಿ ವರ್ಗದ ಸಾಧನಕ್ಕೆ ಎಚ್‌ಐಡಿಎಪಿಐ ಎಂಬ ಬೇರೆ ಲೈಬ್ರರಿ ಇದೆ, ವಿಂಡೋಸ್‌ನಲ್ಲಿ ಡ್ರೈವರ್ ಬದಲಿಸದೆಯೇ ಕೆಲಸ ಮಾಡುತ್ತದೆ. ರಸ್ಟ್‌ನಲ್ಲಿ ಬರೆಯುವವರು ಸಿ ಫೈಲಿನ ಹಂಗೇ ಇಲ್ಲದ ಎನ್‌ಯುಎಸ್‌ಬಿಯನ್ನು ನೋಡಬಹುದು. ವಿಂಡೋಸ್‌ನಲ್ಲಿ ಅದಕ್ಕೂ ವಿನ್‌ಯುಎಸ್‌ಬಿಯೇ ಬೇಕು.

ಪರವಾನಗಿ ಎಲ್‌ಜಿಪಿಎಲ್ 2.1 ಅಥವಾ ಅದರ ನಂತರದ್ದು. ಮುಚ್ಚಿದ ಮೂಲದ ಪ್ರೋಗ್ರಾಮಿನ ಜತೆ ಡಿಎಲ್‌ಎಲ್ ಆಗಿ ಪಕ್ಕದಲ್ಲಿಟ್ಟು, ಪರವಾನಗಿಯ ಪ್ರತಿ ಸೇರಿಸಿ, ಲೈಬ್ರರಿಯ ಮೂಲ ಸಿಗುವ ವ್ಯವಸ್ಥೆ ಮಾಡಿ ಹಂಚಬಹುದು. ಸ್ಟ್ಯಾಟಿಕ್ ಆಗಿ ಒಳಗೇ ಸೇರಿಸಿದರೆ, ಬಳಕೆದಾರರು ಲೈಬ್ರರಿ ಬದಲಿಸಿ ಮರಳಿ ಲಿಂಕ್ ಮಾಡಲು ಬೇಕಾದ ಆಬ್ಜೆಕ್ಟ್ ಫೈಲ್‌ಗಳನ್ನೂ ಕೊಡಬೇಕಾಗುತ್ತದೆ.